ಪಾಸಮ್ ಕೊಲ್ಲುವ ನಮ್ಮ ಅಳಿಯ

ನಮ್ಮ ಅಳಿಯ ಲಿಂಗರಾಜ ಅವರ ವಿಷಯ ಬರೆಯಬೇಕೆಂದರೆ ಮೊದಲು ನನ್ನ ಬಾಯಿಯ ವಿಷಯ ಹೇಳಿಬಿಡಬೇಕು. ಇಂದಿರಮ್ಮನ ಬಾಯಿಗೆ ಬೀಗವಿಲ್ಲ ಅಂತ ತಿಪಟೂರಿನ ನಮ್ಮ ಬೀದಿಗೆಲ್ಲ ಗೊತ್ತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ನಮ್ಮಮ್ಮ ಎಷ್ಟು ಬಡಿದುಕೊಂಡರೂ ನನಗೆ ನಾಟಲಿಲ್ಲ. ಈಗ ಪರದೇಶದ ಈ ಹ್ಯಾಮಿಲ್ಟನ್ನಿನ ಆಸ್ಪತ್ರೆಯ ಕಾರಿಡಾರಿನಲ್ಲಿ ಕೂತು ಮಗಳ ಹಳೆಯ ನೋಟ್‌ಬುಕ್ಕಿನಲ್ಲಿ ಇದನ್ನು ಗೀಚುತ್ತಿದ್ದೇನೆ. ಒಳಗೆ ಗಾಜಿನ ಪೆಟ್ಟಿಗೆಯಲ್ಲಿ ನನ್ನ ಮೊಮ್ಮಗಳಿದ್ದಾಳೆ. ಒಂದು ಸೇರು ಅಕ್ಕಿಯಷ್ಟು ತೂಕ. ಹೆದರಿಕೆಗೆ ನನ್ನ ಅಕ್ಷರ ನನಗೇ ಓದಲಾಗುತ್ತಿಲ್ಲ.

ಮಗಳು ರಚನಾಳ ಬಾಣಂತನಕ್ಕೆಂದು ನಾನು ಇಲ್ಲಿಗೆ ಬಂದದ್ದು ಜೂನ್ ಕೊನೆಗೆ. ಅವಳಿಗೆ ಆಗ ಆರು ತಿಂಗಳು. ಅಳಿಯಂದಿರು ಮೈಸೂರಿನಲ್ಲಿ ಪ್ರಾಣಿಶಾಸ್ತ್ರ ಓದಿದವರು. ಹಕ್ಕಿಗಳ ಹುಚ್ಚು. ಹೆಚ್ಚಿಗೆ ಓದಲು ಈ ದೇಶಕ್ಕೆ ಬಂದರು, ಇಲ್ಲೇ ಕೆಲಸ ಸಿಕ್ಕಿತು. 'ಕಾಡಿನ ಹಕ್ಕಿಗಳನ್ನ ಉಳಿಸೋ ಕೆಲಸ ಅಮ್ಮ' ಎಂದು ಮದುವೆಗೆ ಮೊದಲೇ ರಚನಾ ಹೇಳಿದ್ದಳು. ಎಂಥ ಪುಣ್ಯದ ಕೆಲಸವಪ್ಪಾ ಎಂದು ನೆಂಟರ ಮುಂದೆಲ್ಲ ಕೊಚ್ಚಿಕೊಂಡಿದ್ದೆ. ಅವರ ಸ್ವಭಾವವೂ ಹಾಗೇ. ಬಚ್ಚಲಲ್ಲಿ ಜೇಡ ಕಂಡರೆ ಲೋಟದಲ್ಲಿ ಹಿಡಿದು ಹೊರಗೆ ಬಿಟ್ಟುಬರುವವರು. ಬೆಳಗಿನ ಮಂಜು ಕರಗುವ ಮೊದಲೇ ಯೂಟ್ ಅನ್ನುವ ಪಿಕಪ್ ಗಾಡಿ ಹತ್ತಿ ಹೊರಟರೆ ಸಂಜೆಗೆ ವಾಪಸು. ಪ್ಯಾಂಟಿಗೆಲ್ಲ ಮೈದಾ ಹಿಟ್ಟು ಮೆತ್ತಿರುತ್ತಿತ್ತು. ಕಾಡಿನಲ್ಲಿ ಏನು ಹೋಳಿಗೆ ತಟ್ಟುತ್ತೀರಾ ಎಂದು ಕೇಳಿದರೆ, 'ಕೆಲಸದ್ದು ಅತ್ತೆ' ಎಂದು ನಕ್ಕು ಸುಮ್ಮನಾಗುತ್ತಿದ್ದರು.

ಬಂದ ಮೊದಲ ದಿನವೇ ನಾನು ಕಟ್ಟಳೆ ಹಾಕಿದ್ದೆ. ಬಸುರಿಯ ಗಂಡ ಕಾಯಿ ಒಡೆಯಬಾರದು, ಹೆಣಕ್ಕೆ ಹೆಗಲು ಕೊಡಬಾರದು, ಇರುವೆಯ ಜೀವವನ್ನೂ ತೆಗೆಯಬಾರದು. ಹೊಟ್ಟೆಯಲ್ಲಿರುವ ಕೂಸಿಗೆ ಅದು ತಟ್ಟುತ್ತದೆ. ನಮ್ಮಲ್ಲಿ ಎಲ್ಲರೂ ನಡೆಸಿಕೊಂಡು ಬಂದದ್ದು. 'ಏನಮ್ಮಾ ನಿಂದು' ಎಂದು ರಚನಾ ಕಣ್ಣು ತಿರುಗಿಸಿದಳು. ಅಳಿಯಂದಿರು ಮಾತ್ರ 'ಸರಿ ಅತ್ತೆ' ಎಂದರು. ಸೋಮವಾರದ ಪೂಜೆಗೆ ಕಾಯಿ ನಾನೇ ಒಡೆದೆ.

ಒಂದು ಶನಿವಾರ ಮಧ್ಯಾಹ್ನ ಅಂಗಡಿಯಿಂದ ತಂದ ಅಕ್ಕಿಚೀಲ ಗಾಡಿಯಲ್ಲೇ ಉಳಿದಿತ್ತು. ತರೋಣವೆಂದು ಹೋದೆ. ಅಕ್ಕಿಯ ಪಕ್ಕ ಒಂದು ಪ್ಲಾಸ್ಟಿಕ್ ಡಬ್ಬ. ತರಕಾರಿಯೇನೋ ಎಂದು ಮುಚ್ಚಳ ತೆಗೆದೆ. ಅಯ್ಯೋ ಶಿವನೇ! ಬೆಕ್ಕಿನ ಗಾತ್ರದ ಬೂದು ಪ್ರಾಣಿ, ಪೊದೆಯಂಥ ಬಾಲ, ಸತ್ತು ಸೆಟೆದಿದೆ. ಹೊಟ್ಟೆಯ ಮೇಲೆ ಜೇಬಿನಂತೆ ಸೀಳು. ಆ ಸೀಳಿನಿಂದ ಕೂದಲಿಲ್ಲದ ಒಂದು ಪುಟ್ಟ ಕೆಂಪು ಕಾಲು ಹೊರಗೆ ಬಿದ್ದಿದೆ.

ನಾನು ಕಿರುಚಿದ್ದು ಕೇಳಿ ಅಳಿಯಂದಿರು ಓಡಿ ಬಂದರು. ಮುಚ್ಚಳ ಮುಚ್ಚಿ, ತಲೆ ತಗ್ಗಿಸಿ ನಿಂತರು.

'ಪಾಸಮ್ ಅತ್ತೆ. ಕಾಂಗರೂ ಕುಲದ್ದೇ. ಆಸ್ಟ್ರೇಲಿಯಾದಿಂದ ತುಪ್ಪಳಕ್ಕೆ ಅಂತ ಯಾವ ಕಾಲದಲ್ಲೋ ತಂದು ಬಿಟ್ರು. ಅಲ್ಲಿ ಅದನ್ನ ಕಾಪಾಡ್ತಾರೆ. ಇಲ್ಲಿ ಅದು ಮರ ಬೋಳಿಸುತ್ತೆ, ಹಕ್ಕಿ ಮೊಟ್ಟೆ, ಮರಿ ತಿನ್ನುತ್ತೆ, ಹಸುಗಳಿಗೆ ಕ್ಷಯ ಹಚ್ಚುತ್ತೆ. ಹಕ್ಕಿ ಉಳೀಬೇಕಂದ್ರೆ ಇದನ್ನ ಕೊಲ್ಲಬೇಕು. ಮೈದಾಗೆ ಸಕ್ಕರೆ ಪುಡಿ ಬೆರೆಸಿ ಬೋನಿನ ಹತ್ರ ಹಚ್ಚಿದ್ರೆ ವಾಸನೆಗೆ ಬರುತ್ತೆ. ಇದನ್ನ ಕ್ಷಯ ಇದೆಯಾ ಅಂತ ಪರೀಕ್ಷೆಗೆ ಕೊಡ್ಬೇಕು.'

'ಆ ಮರಿ?'

'ಹುಟ್ಟೋವಾಗ ಅವರೆಕಾಳಿಗಿಂತ ಚಿಕ್ಕದು ಅತ್ತೆ. ತೆವಳಿಕೊಂಡು ಚೀಲ ಸೇರಿ ತಾಯಿ ಮೊಲೆ ಕಚ್ಚಿದ್ರೆ ತಿಂಗಳುಗಟ್ಟಲೆ ಬಿಡಲ್ಲ. ತಾಯಿ ಸತ್ರೂ ಅದು ಬದುಕಿರುತ್ತೆ. ಹಾಗೇ ಬಿಟ್ರೆ ಹಸಿದು ನರಳಿ ಸಾಯುತ್ತೆ. ಅದಕ್ಕೇ ಪ್ರತಿ ಹೆಣ್ಣಿನ ಚೀಲಾನೂ ಬೆರಳು ಹಾಕಿ ನೋಡ್ಬೇಕು. ಇದ್ರೆ ಅಲ್ಲೇ ಮುಗಿಸ್ಬೇಕು.'

'ಯಾರು ಮುಗಿಸೋದು?'

ಅವರು ತಮ್ಮ ಕೈಗಳನ್ನು ನೋಡಿಕೊಂಡರು. 'ನಾನೇ.'

ಭಯಕ್ಕೋ ಸಿಟ್ಟಿಗೋ, ಬಾಯಿಗೆ ಬಂದದ್ದೆಲ್ಲ ಅಂದುಬಿಟ್ಟೆ. 'ಬಸುರಿ ಹೆಂಡ್ತಿನ ಮನೇಲಿಟ್ಕೊಂಡು ತಾಯಿ ಮಡಿಲಿನ ಮರೀನ ಕೊಲ್ತೀರಲ್ರೀ! ಆ ತಾಯಿ ಶಾಪ ಸುಮ್ನೆ ಬಿಡುತ್ತಾ? ನೋಡ್ತಾ ಇರಿ. ಈ ಕೈಯಲ್ಲಿ ನಿಮ್ಮ ಮಗೂನ ಮುಟ್ಟೀರ ಜೋಕೆ!'

ಅವರು ತಿರುಗಿ ಒಂದು ಮಾತು ಆಡಿದ್ದರೆ ಜಗಳವಾಡಿ ಮುಗಿಸಿಬಿಡಬಹುದಿತ್ತು. ಒಳಗೆ ಹೋಗಿ ಬಹಳ ಹೊತ್ತು ಕೈ ತೊಳೆದರು. ರಚನಾಳಿಗೆ ನಾವಿಬ್ಬರೂ ಏನೂ ಹೇಳಲಿಲ್ಲ.

ಅದಾದ ಒಂಬತ್ತನೆಯ ದಿನಕ್ಕೆ ರಚನಾಳ ಮುಖ ಊದಿಕೊಂಡಿತು. ಕಣ್ಣು ಮಂಜಾಗುತ್ತಿದೆ, ತಲೆ ಸಿಡಿಯುತ್ತಿದೆ ಎಂದಳು. ಬಿ.ಪಿ. ಎಷ್ಟೋ ಏರಿದೆಯಂತೆ. ಆಸ್ಪತ್ರೆಗೆ ಹೋದ ಎರಡು ಗಂಟೆಯೊಳಗೆ ಹೊಟ್ಟೆ ಕೊಯ್ದು ಮಗು ತೆಗೆದರು. ಬಸುರಿಗೆ ಇನ್ನೂ ಇಪ್ಪತ್ತೊಂಬತ್ತೇ ವಾರ ತುಂಬಿತ್ತು. ರಚನಾ ಬೇರೆ ವಾರ್ಡಿನಲ್ಲಿ ಏಳಲಾರದೆ ಮಲಗಿದ್ದಳು. 'ಹೇಗಿದಾಳಮ್ಮ? ಯಾರ ಥರ ಇದಾಳೆ?' ಎಂದಳು. ನನ್ನ ಥರ ಎಂದೆ. ನಿಜಕ್ಕೂ ಆ ಮಗುವನ್ನು ನೋಡಿದಾಗ ನನ್ನ ಕಣ್ಣಿಗೆ ಬಂದದ್ದು ಆ ಡಬ್ಬದಲ್ಲಿ ಕಂಡ ಕೆಂಪು ಕಾಲು. ಅದೇ ಬಣ್ಣ, ಅದೇ ತೆಳು ಚರ್ಮ.

ಮೂರನೆಯ ದಿನ ಬೆಳಿಗ್ಗೆ ನರ್ಸಮ್ಮ ಬಂದು ಅಳಿಯಂದಿರಿಗೆ ಅಂಗಿ ಬಿಚ್ಚಲು ಸನ್ನೆ ಮಾಡಿದಳು. ಮಗುವಿಗೆ ಮೈಶಾಖ ಬೇಕು, ಎದೆಬಡಿತ ಕೇಳಿಸಬೇಕು, ಆಗ ಉಸಿರು ಹದಕ್ಕೆ ಬರುತ್ತದೆ, ತಾಯಿ ಏಳುವವರೆಗೆ ತಂದೆ ಬರಿಯೆದೆಗೆ ಅವುಚಿಕೊಳ್ಳಬೇಕು. ಅದಕ್ಕೆ ಕಾಂಗರೂ ಕೇರ್ ಅನ್ನುತ್ತಾರಂತೆ. ಆ ಹೆಸರು ಕಿವಿಗೆ ಬಿದ್ದದ್ದೇ ಅಳಿಯಂದಿರ ಮುಖ ಸುಣ್ಣದಂತಾಯಿತು. ತಲೆಯಾಡಿಸಿ ಆಚೆ ಬಂದುಬಿಟ್ಟರು. ನಾನು ಹಿಂದೆಯೇ ಓಡಿದೆ.

'ಯಾಕ್ರೀ ಬಂದ್ರಿ? ಮಗು ಕಾಯ್ತಾ ಇದೆ.'

'ನೀವೇ ಹೇಳಿದ್ರಲ್ಲ ಅತ್ತೆ, ಈ ಕೈಯಲ್ಲಿ ಮುಟ್ಬೇಡಿ ಅಂತ.' ಎರಡೂ ಅಂಗೈ ನನ್ನ ಮುಂದೆ ಚಾಚಿದರು. 'ಕಳೆದ ತಿಂಗಳು ಮೂವತ್ತೊಂದು ಮರಿ. ನಾನು ಎಣಿಸಿದೀನಿ. ನಾನು ಮುಟ್ಟಿ ಅದಕ್ಕೇನಾದ್ರೂ ಆದ್ರೆ? ನೀವು ಹೇಳಿದ್ದು ನಿಜ ಆಗಿಬಿಟ್ರೆ?'

ಒಳಗೆ ಯಂತ್ರ ಕುಯ್ಯೆನ್ನುತ್ತಿತ್ತು. ಬಾಗಿಲ ಗಾಜಿನಲ್ಲಿ ನರ್ಸಮ್ಮ ನಮ್ಮತ್ತಲೇ ನೋಡುತ್ತಿದ್ದಳು. ಕ್ಷಮಿಸಿ ಎಂದರೆ ಸಾಲದು, ಈ ಮನುಷ್ಯ ನಂಬುವುದಿಲ್ಲ. ಕೊರಳಲ್ಲಿದ್ದ ಕರಡಿಗೆ ತೆರೆದು, ಒಳಗಿದ್ದ ಇಷ್ಟಲಿಂಗವನ್ನು ಅಂಗೈ ಮೇಲೆ ಇಟ್ಟುಕೊಂಡೆ.

'ನೋಡಿ, ಲಿಂಗ ಮುಟ್ಟಿ ಹೇಳ್ತೀನಿ. ಶಾಪ ಗೀಪ ಏನೂ ಇಲ್ಲ. ಅಂಥದ್ದನ್ನ ನಾನು ಯಾವತ್ತೂ ನಂಬಿದವಳೇ ಅಲ್ಲ. ಸಿಟ್ಟಿಗೆ ನಾಲಿಗೆ ಹರಿಬಿಟ್ಟೆ, ಅಷ್ಟೇ. ಹೋಗಿ, ಮಗೂನ ಎತ್ಕೊಳಿ.'

ಅವರು ಲಿಂಗವನ್ನು ನೋಡಿದರು, ನನ್ನ ಮುಖ ನೋಡಿದರು. ಒಳಗೆ ಹೋಗಿ ಅಂಗಿ ಬಿಚ್ಚಿ ಕುರ್ಚಿಯಲ್ಲಿ ಕೂತರು. ನರ್ಸಮ್ಮ ಕೊಳವೆಗಳ ಸಮೇತ ಮಗುವನ್ನು ಎದೆಗೆ ಒರಗಿಸಿ ಹೊದಿಕೆ ಹೊದಿಸಿದಳು. ಮೊದಲಿಗೆ ಅವರು ಕೈಯನ್ನು ಗಾಳಿಯಲ್ಲೇ ಹಿಡಿದಿದ್ದರು. ನರ್ಸಮ್ಮನೇ ಆ ಕೈ ಹಿಡಿದು ಮಗುವಿನ ಬೆನ್ನ ಮೇಲೆ ಇಟ್ಟಳು. ಇಡೀ ಬೆನ್ನು ಅಂಗೈಯಡಿ ಮುಚ್ಚಿಹೋಯಿತು.

ನಾನು ಆಡಿದ್ದು ಸುಳ್ಳು. ಶಾಪವನ್ನು ನಾನು ನಂಬುತ್ತೇನೆ, ಆಗಲೂ, ಈಗಲೂ. ಲಿಂಗ ಹಿಡಿದು ಸುಳ್ಳಾಣೆ ಇಟ್ಟವರು ಏನಾಗುತ್ತಾರೆ ಎಂಬುದನ್ನೂ ಕೇಳಿಕೊಂಡೇ ಬೆಳೆದವಳು. ತಟ್ಟುವುದಿದ್ದರೆ ನನಗೇ ತಟ್ಟಲಿ, ಆ ಕೂಸನ್ನು ಬಿಡಲಿ ಎಂದು ಶಿವನ ಹತ್ತಿರ ದಿನವೂ ಬೇಡಿಕೊಳ್ಳುತ್ತಿದ್ದೇನೆ.

ಮಗು ಹುಟ್ಟಿ ಇವತ್ತಿಗೆ ಹನ್ನೊಂದು ದಿನವಾಯಿತು. ಡಾಕ್ಟರು ಇನ್ನೂ ಏನೂ ಹೇಳಲಾಗದು ಎನ್ನುತ್ತಾರೆ. ರಚನಾ ಎದ್ದು ಓಡಾಡುತ್ತಿದ್ದಾಳೆ, ಬೆಳಿಗ್ಗೆ ಅವಳು, ಮಧ್ಯಾಹ್ನ ಅಳಿಯಂದಿರು ಮಗುವನ್ನು ಅವುಚಿಕೊಳ್ಳುತ್ತಾರೆ. ದಿನವೂ ಅಂಗಿ ಬಿಚ್ಚುವ ಮೊದಲು ಅವರು ನನ್ನ ಬಳಿ ಬಂದು, ರಚನಾಳಿಗೆ ಕೇಳಿಸದಂತೆ, 'ಅತ್ತೆ, ಅವತ್ತು ಹೇಳಿದ್ದು ನಿಜ ತಾನೆ?' ಎನ್ನುತ್ತಾರೆ. ಇವತ್ತೂ ಕೇಳಿದರು. ನಾನು ಇವತ್ತೂ ಲಿಂಗ ಮುಟ್ಟಿ ಹೌದು ಎಂದೆ.