ಹಲಗೆ ಮೇಲೆ ಮಲಗಿಸಿ ಕಳಿಸಿದ ನಮ್ಮಪ್ಪ

ನಮ್ಮಪ್ಪ ಕೊಟ್ಟೂರೇಶ್ವರನ ಭಕ್ತರೆಲ್ಲರಿಗೂ ಶರಣು. ನಾನು ಶಾಂತಮ್ಮ, ಕೊಟ್ಟೂರಿನಲ್ಲೇ ನಮ್ಮ ಮನೆ. ಕಳೆದ ಶ್ರಾವಣದಲ್ಲಿ ನಮ್ಮ ಮನೆಯವರು ವೀರೇಶ, ಹರಪನಹಳ್ಳಿಯಲ್ಲಿ ಕಟ್ಟುತ್ತಿದ್ದ ಒಂದು ಕಲ್ಯಾಣ ಮಂಟಪದ ಎರಡನೇ ಮಹಡಿಯಿಂದ ಬಿದ್ದರು. ಕಾಂಕ್ರೀಟ್ ಹಾಕಲು ಸೆಂಟ್ರಿಂಗ್ ಹಲಗೆ ಬಡಿಯುತ್ತಿದ್ದರು. ಸೊಂಟಕ್ಕೆ ಬೆಲ್ಟ್ ಇರಲಿಲ್ಲ, ತಲೆಗೆ ಹೆಲ್ಮೆಟ್ ಇರಲಿಲ್ಲ, ಕೆಳಗೆ ಬಲೆ ಇರಲಿಲ್ಲ. ಅವೆಲ್ಲ ಶೆಡ್ಡಿನಲ್ಲಿ ಪ್ಲಾಸ್ಟಿಕ್ ಕವರ್ ಕೂಡ ಬಿಚ್ಚದೆ ಬಿದ್ದಿದ್ದವು. ಸಾಹೇಬರು ಯಾರಾದರೂ ನೋಡಲು ಬಂದ ದಿನ ಮಾತ್ರ ಹೊರಗೆ ತೆಗೆಯುತ್ತಿದ್ದರಂತೆ. ಇದನ್ನು ಬರೆಯುವಾಗ ಈಗಲೂ ಮೈ ಉರಿಯುತ್ತದೆ.

ನನಗೆ ಫೋನ್ ಮಾಡಿದವನು ಗುತ್ತಿಗೆದಾರ ಚನ್ನಪ್ಪ. "ಶಾಂತಕ್ಕಾ, ಏನೂ ಆಗಿಲ್ರಿ, ಸ್ವಲ್ಪ ಪೆಟ್ಟಾಗೈತಿ. ದಾವಣಗೆರಿಗೆ ಕಳಿಸೀವಿ. ಯಾರರ ಕೇಳಿದ್ರ ಮೆಟ್ಟಿಲ ಮ್ಯಾಲಿಂದ ಜಾರಿದ್ರು ಅನ್ರಿ."

ಏನೂ ಆಗದವರನ್ನು ದಾವಣಗೆರೆಗೆ ಯಾಕೆ ಕಳಿಸುತ್ತಾರೆ? ಹೊಲಿಯುತ್ತಿದ್ದ ಜಂಪರ್ ಮಷಿನ್ ಮೇಲೇ ಬಿಟ್ಟು ಬಸ್ ಸ್ಟ್ಯಾಂಡಿಗೆ ಓಡಿದೆ. ಹರಪನಹಳ್ಳಿ ಮೇಲೆ ದಾವಣಗೆರೆಗೆ ಹೋಗುವ ಬಸ್ ನಿಂತಿತ್ತು, ಡ್ರೈವರ್ ಆರಾಮಾಗಿ ಚಹಾ ಕುಡಿಯುತ್ತಿದ್ದ. ಅವನ ಮೇಲೂ ಕೂಗಾಡಿದೆ.

ಕಷ್ಟದಲ್ಲಿ ಎಲ್ಲರೂ ದೇವರನ್ನು ಬೇಡಿಕೊಳ್ಳುತ್ತಾರೆ. ನಾನು ಬೇಡಲಿಲ್ಲ, ದಾರಿಯುದ್ದಕ್ಕೂ ಜಗಳ ಮಾಡಿದೆ. "ಯಪ್ಪಾ ಕೊಟ್ಟೂರೇಶ, ದಿನಾ ನಿನಗ ಕೈ ಮುಗುದು ಕೆಲಸಕ್ಕ ಹೊಕ್ಕಾರ. ಅವರು ಬೀಳೂ ಹೊತ್ತಿಗೆ ನೀ ಎಲ್ಲಿಗೆ ಹೋಗಿದ್ದಿ? ಈಗಾದ್ರೂ ಎದ್ದು ಬಾ. ನನಗ ಅವರು ಬೇಕು, ತಮ್ಮ ಕಾಲ ಮ್ಯಾಲ ನಿಂತು ಬೇಕು." ಬಾಯಿಬಿಟ್ಟೇ ಬೈಯುತ್ತಿದ್ದೆ. ಫೋನಿನಲ್ಲಿ ಯಾರ ಜೊತೆಗೋ ಜಗಳ ಆಡುತ್ತಿದ್ದಾಳೆ ಎಂದುಕೊಂಡ ಕಂಡಕ್ಟರ್, "ಅಮ್ಮಾ, ಸ್ವಲ್ಪ ಮೆಲ್ಲಕ ಮಾತಾಡ್ರಿ" ಎಂದ.

ಆಸ್ಪತ್ರೆಯ ಬಾಗಿಲಲ್ಲಿ ಮೈದುನ ಮಂಜುನಾಥ ನಿಂತಿದ್ದ. ಅಣ್ಣನ ಜೊತೆಗೇ ಕೆಲಸ ಮಾಡುವವನು. "ಅತ್ತಿಗಿ, ಕಾಲು ಆಡಿಸಾಕ ಬರವಲ್ದು" ಎಂದು ಅತ್ತ. ಬಂದಿದ್ದ ನೆಂಟರೊಬ್ಬರು, "ಏನ್ ಮಾಡಾಕ ಬರ್ತೈತವ್ವ, ಹಣೇಬರಹ" ಎಂದರು.

"ಹಣ್ಯಾಗ ಬೆಲ್ಟ್ ಹಾಕಬ್ಯಾಡ ಅಂತ ಬರದಿತ್ತೇನ್ರಿ?" ಎಂದೆ.

ಅಷ್ಟರಲ್ಲಿ ಡಾಕ್ಟರ್ ಹೊರಗೆ ಬಂದು, "ಇವರನ್ನ ಹಲಗೆ ಮೇಲೆ ಕಟ್ಟಿ ತಂದಿದ್ದು ಯಾರು?" ಎಂದರು. ಇನ್ನೇನು ತಪ್ಪಾಯಿತೋ ಎಂದುಕೊಂಡೆ. ಅವರು ಹೇಳಿದ್ದು ಬೇರೆ. "ಬೆನ್ನುಮೂಳೆ ಮುರಿದಿದೆಯಮ್ಮ, ಆದರೆ ನರ ಒತ್ತಿಕೊಂಡಿದೆ ಅಷ್ಟೇ, ಹರಿದಿಲ್ಲ. ಕೈಕಾಲು ಹಿಡಿದು ಎತ್ತಿದ್ದರೆ ಅದೂ ಹೋಗ್ತಿತ್ತು. ಆಪರೇಷನ್ ಮಾಡ್ತೀವಿ. ನಡೆಯೋ ಆಸೆ ಇದೆ."

ಆಗ ಮಂಜುನಾಥ ನಡೆದದ್ದನ್ನು ಹೇಳಿದ. ಅಣ್ಣ ಬಿದ್ದ ಕೂಡಲೇ ಎಲ್ಲರೂ ಸೇರಿ ಎತ್ತಿ ಆಟೋಗೆ ಹಾಕಲು ಹೊರಟಿದ್ದರಂತೆ. ಮಗಳ ಮದುವೆಗೆ ಮಂಟಪ ಯಾವಾಗ ಮುಗಿಯುತ್ತದೆ ಎಂದು ಕೇಳಲು ಬಂದಿದ್ದ ಹಲವಾಗಲು ಎಂಬ ಊರಿನ ಹೆಂಗಸೊಬ್ಬರು ಅಡ್ಡ ಬಂದರಂತೆ. "ಮುಟ್ಟಬ್ಯಾಡ್ರಿ! ನನ್ನ ತಮ್ಮನ್ನ ಹಿಂಗಾ ಎತ್ತಿ ಆಟೋದಾಗ ಹಾಕಿದ್ವಿ, ಇವತ್ತಿಗೂ ಹಾಸಿಗ್ಯಾಗ ಅದಾನ. ಹಲಗಿ ತರ್ರಿ, ಆಂಬುಲೆನ್ಸಿಗೆ ಫೋನ್ ಮಾಡ್ರಿ!" ಚನ್ನಪ್ಪ "ನಿನಗ್ಯಾಕಮ್ಮ" ಎಂದು ಗದರಿದರೂ ಅವರು ಕದಲಲಿಲ್ಲ. ಆಂಬುಲೆನ್ಸ್ ಬರುವವರೆಗೂ ಮಣ್ಣಿನಲ್ಲಿ ಮಂಡಿಯೂರಿ, ನಮ್ಮ ಮನೆಯವರ ತಲೆ ಅಲುಗದಂತೆ ಎರಡೂ ಕೈಯಲ್ಲಿ ಹಿಡಿದುಕೊಂಡು ಕೂತಿದ್ದರಂತೆ.

ಅದನ್ನು ಕೇಳಿದ ಮೇಲೆ ನನಗೆ ತಿಳಿಯಿತು. ಎಲ್ಲಿಗೆ ಹೋಗಿದ್ದಿ ಎಂದು ನಾನು ಬಸ್ಸಿನಲ್ಲಿ ಕೂಗುವುದಕ್ಕೆ ಮೊದಲೇ ನಮ್ಮಪ್ಪ ಆ ಅಕ್ಕನ ರೂಪದಲ್ಲಿ ಅಲ್ಲಿಗೆ ಬಂದಾಗಿತ್ತು.

ಆಪರೇಷನ್ ಆಯಿತು. ಮೊದಲು ಬೆರಳು ಆಡಿದವು, ಆಮೇಲೆ ಗೋಡೆ ಹಿಡಿದರು, ಯುಗಾದಿ ಹೊತ್ತಿಗೆ ಕೋಲಿಲ್ಲದೆ ಗುಡಿಗೆ ನಡೆದು ಬಂದರು. ಆ ದಿನ ಚನ್ನಪ್ಪನೂ ಪೂಜೆ ಮಾಡಿಸಿ, ಆಳುಗಳನ್ನೆಲ್ಲ ಪ್ರಸಾದಕ್ಕೆ ಕರೆದಿದ್ದ. "ಅಪ್ಪ ಕಾಪಾಡಿದ, ಇನ್ನ ಎಲ್ಲಾ ಮರ್ತು ಬಿಡ್ರಿ ಅಕ್ಕಾ" ಎಂದ. ಮಂಜುನಾಥ ಹಿಂದಿನ ದಿನವೂ ಬೆಲ್ಟ್ ಇಲ್ಲದೆಯೇ ಮೇಲೆ ಹತ್ತಿ ಬಂದಿದ್ದ! ನನಗೆ ತಡೆಯಲಾಗಲಿಲ್ಲ.

"ಚನ್ನಪ್ಪಣ್ಣ, ನೀವು ಕವರ್ ಬಿಚ್ಚದ ಬೆಲ್ಟಿನ ಕೆಲಸಾನೂ ಅಪ್ಪನಾ ಮಾಡಬೇಕೇನು?"

"ನಾಳಿಂದ ಕೊಡ್ತೀನಿ ತಗಳ್ರಿ."

"ನನಗ ಹೇಳಬ್ಯಾಡ್ರಿ. ಅಲ್ಲಿ ಹೇಳ್ರಿ" ಎಂದು ಗರ್ಭಗುಡಿ ತೋರಿಸಿದೆ.

ಆಳುಗಳೆಲ್ಲ ನೋಡುತ್ತಿದ್ದರು. ಚನ್ನಪ್ಪನ ಮುಖ ಕೆಂಪಾಯಿತು. ಕೊನೆಗೆ ಕೈ ಮುಗಿದು, ನಾಳೆಯಿಂದ ಬೆಲ್ಟು, ಬಲೆ ಎಲ್ಲ ಕೊಡುತ್ತೇನೆಂದು ಎಲ್ಲರಿಗೂ ಕೇಳುವಂತೆ ಹೇಳಿದ. ಮರುದಿನ ಮಂಜುನಾಥ ಫೋನ್ ಮಾಡಿ, "ಅತ್ತಿಗಿ, ಕೆಳಗ ಬಲೆ ಕಟ್ಟಾಕ ಹತ್ಯಾರ" ಎಂದ. ನಂಬಿಕೆ ಬರಲಿಲ್ಲ, ಫೋಟೋ ಕಳಿಸು ಎಂದೆ. ಕಳಿಸಿದ.

ಮುಂದಿನ ಸೋಮವಾರ ನಾವಿಬ್ಬರೂ ಹಲವಾಗಲಿಗೆ ಹೋದೆವು. ಆ ಅಕ್ಕನ ಕಾಲಿಗೆ ಬಿದ್ದೆವು. ಒಳಗೆ ಮಂಚದ ಮೇಲೆ ಅವರ ತಮ್ಮ ಮಲಗಿದ್ದ. ನಮ್ಮ ಮನೆಯವರು ಹೊಸ್ತಿಲು ದಾಟಿ ಒಳಗೆ ಬರುವುದನ್ನೇ ನೋಡಿದ.

"ಅಣ್ಣಾ, ಇನ್ನೊಂದ್ಸಲ ನಡದು ತೋರ್ಸು" ಎಂದ.

ನಮ್ಮ ಮನೆಯವರು ಬಾಗಿಲವರೆಗೆ ಹೋಗಿ, ತಿರುಗಿ, ಅವನ ಮಂಚದವರೆಗೆ ನಡೆದರು. ಅವನು ಅವರ ಕೈ ಹಿಡಿದುಕೊಂಡು ನಕ್ಕ. ಆ ನಗುವಿನಲ್ಲಿ ನಾನು ನಮ್ಮಪ್ಪನನ್ನು ಕಂಡೆ. ಆ ಕೊಟ್ಟೂರೇಶನ ಪಾದಕ್ಕೆ ನನ್ನ ಶರಣು.