ಜಗ್ಗಿದರೆ ನಿಲ್ಲುವ ಗಾಡಿ

ನನ್ನ ಚಪ್ಪಲಿಗಳಲ್ಲಿ ಬಲಗಾಲಿನದು ಯಾವಾಗಲೂ ಎಡಗಾಲಿನದಕ್ಕಿಂತ ಮೊದಲೇ ಸವೆಯುತ್ತಿತ್ತು. ಇದು ಲೋಕಕ್ಕೆ ಡಂಗುರ ಸಾರಬೇಕಾದ ಮಹಾಸತ್ಯವೇನಲ್ಲ, ಒಪ್ಪುತ್ತೇನೆ. ಆದರೆ ಬೆಟಗೇರಿಯ ಬೇವಿನ ಮರದ ಕೆಳಗೆ ಕೂತು ಚಪ್ಪಲಿ ಹೊಲಿಯುವ ಫಕ್ಕೀರಪ್ಪನ ಪಾಲಿಗೆ ಅದು ನನ್ನ ಜಾತಕಕ್ಕಿಂತ ಹೆಚ್ಚಿನದಾಗಿತ್ತು. ಬಲ ಹಿಮ್ಮಡಿಯ ಅಂಚನ್ನು ಹೆಬ್ಬೆರಳಿನಿಂದ ಸವರಿ ಆತ, "ಈ ಸಲ ಮುಂಡರಗಿ ಕಡೆ ಭಾಳ ಅಡ್ಡಾಡೀರಿ ಬಿಡ್ರಿ ಅಕ್ಕಾರ" ಎಂದು ಭವಿಷ್ಯವಲ್ಲದಿದ್ದರೂ ಭೂತವನ್ನಂತೂ ನುಡಿಯುತ್ತಿದ್ದ. ಹತ್ತಕ್ಕೆ ಆರು ಸಲ ಅವನ ಮಾತು ತಪ್ಪಾಗುತ್ತಿತ್ತು; ನಾನು ಲಕ್ಷ್ಮೇಶ್ವರಕ್ಕೆ ಹೋಗಿರುತ್ತಿದ್ದೆ. ಆದರೂ ಹೌದೆನ್ನುತ್ತಿದ್ದೆ, ಯಾಕೆಂದರೆ ಹೆಂಗಸೊಬ್ಬಳ ಚಪ್ಪಲಿ ಕಾರು ನಡೆಸಿ ಸವೆಯುತ್ತದೆ ಎಂಬುದನ್ನು ಊರಲ್ಲಿ ಸಹಜವೆಂದು ತಿಳಿದವನು ಅವನೊಬ್ಬನೇ.

ನಾನು ವೃತ್ತಿಯಿಂದ ವೈದ್ಯೆ. ಎಪ್ಪತ್ತರ ದಶಕದಲ್ಲಿ ಬೆಟಗೇರಿಯಲ್ಲಿ ನನ್ನ ದವಾಖಾನೆ. ಸಂತೆಯ ದಿನಗಳಲ್ಲಿ ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಗಳಲ್ಲಿ ಬಾಡಿಗೆಯ ಒಂದೊಂದು ಕೋಣೆ. ಸಂತೆಗೆ ಬಂದ ಹೆಂಗಸರು ಮೆಣಸಿನಕಾಯಿ ಕೊಂಡಷ್ಟೇ ಸಲೀಸಾಗಿ ಔಷಧವನ್ನೂ ಕೊಂಡು ಹೋಗಲಿ ಎಂಬುದು ನನ್ನ ಯೋಜನೆ. ಈ ನಾಲ್ಕು ಊರುಗಳ ನಡುವೆ ನನ್ನನ್ನು ಹೊತ್ತು ತಿರುಗುತ್ತಿದ್ದುದು ಒಂದು ಬಿಳಿ ಅಂಬಾಸಡರ್. ಅದು ನನ್ನ ದುಡಿಮೆಯದು, ಆದರೆ ಅಣ್ಣನ ಹೆಸರಿನಲ್ಲಿತ್ತು. ಆ ಕಾಲದಲ್ಲಿ ಕಾರಿಗೆ ಹೆಸರು ಹಚ್ಚಿ ವರ್ಷಗಟ್ಟಲೆ ಕಾಯಬೇಕಿತ್ತು, ಅಣ್ಣ ನನಗಿಂತ ಮೊದಲು ಹಚ್ಚಿದ್ದ. ಹೆಸರಿನಲ್ಲೇನಿದೆ ಎಂದು ನಾನು ಉದಾರವಾಗಿ ಅಂದುಕೊಂಡಿದ್ದೆ. ಹೆಸರಿನಲ್ಲಿ ಬಹಳವಿದೆ ಎಂದು ನನ್ನ ಮೊಣಕಾಲು ಕೆಟ್ಟ ಮೇಲೆ ತಿಳಿಯಿತು.

ಮೊಣಕಾಲು ಕೆಟ್ಟದ್ದು ಬಚ್ಚಲಲ್ಲಿ ಜಾರಿ ಬಿದ್ದು. ಇಪ್ಪತ್ತು ವರ್ಷ ಊರ ಮುದುಕಿಯರಿಗೆಲ್ಲ "ಬಚ್ಚಲದಾಗ ಹುಷಾರಿರಿ" ಎಂದು ಉಪದೇಶಿಸಿದ ಬಾಯಿ, ಒಂದು ತುಂಡು ಸಾಬೂನಿನ ಮೇಲೆ ಕಾಲಿಟ್ಟು ಅಂಗಾತ ಬಿದ್ದ ಮೇಲೆ ಕೆಲವು ದಿನ ಮೌನವ್ರತ ಹಿಡಿಯಿತು. ಮೂಳೆ ಕೂಡಿತು, ಆದರೆ ಬಲ ಮೊಣಕಾಲಿಗೆ ಒಂದು ವಿಚಿತ್ರ ಸ್ವಭಾವ ಬಂತು. ಮಡಚಿದರೆ ಸುಮ್ಮನಿರುತ್ತದೆ, ಚಾಚಿದರೆ ಸುಮ್ಮನಿರುತ್ತದೆ, ಬ್ರೇಕನ್ನು ಒದ್ದರೂ ತಕರಾರಿಲ್ಲ. ಎಕ್ಸಲರೇಟರಿನ ಮೇಲೆ ಒಂದೇ ಭಂಗಿಯಲ್ಲಿ ಅರ್ಧ ದಾರಿ ಇಟ್ಟರೆ ಮಾತ್ರ ಹಟಮಾರಿ ಎತ್ತಿನಂತೆ ಅಲ್ಲೇ ಬಿಗಿದು ನಿಲ್ಲುತ್ತದೆ. ಅದಕ್ಕೆ ಬೇಕಾದದ್ದು ವಿಶ್ರಾಂತಿಯಲ್ಲ, ಚಲನೆ. ಈ ರೋಗನಿದಾನವನ್ನು ನಾನು ವೈದ್ಯೆಯಾಗಿ ಮಾಡಿದೆ. ಅಣ್ಣ ಹತ್ತಿಯ ದಲ್ಲಾಳಿಯಾಗಿ ಅದಕ್ಕೆ ಬೇರೆಯೇ ಚಿಕಿತ್ಸೆ ಬರೆದ.

"ಡ್ರೈವರ್ ಇಟ್ಕೊ ಸರೂ. ಹಿಂದ ಕುಂತು ಆರಾಮ ಹೋಗಿ ಬಾ. ಇಲ್ಲಂದ್ರ ಗಾಡಿ ಮಾರಿ ಬಿಡ್ತೇನಿ, ನೋಡು."

ಅಣ್ಣ ಕೆಟ್ಟವನಲ್ಲ. ನನ್ನ ಮೇಲಿನ ಮಮತೆಯಿಂದಲೇ ಹಾಗೆಂದ, ಮತ್ತು ಮಮತೆಯಿಂದ ಆಡಿದ ಮಾತಿಗೆ ಎದುರಾಡುವಷ್ಟು ಕಷ್ಟ ಜಗತ್ತಿನಲ್ಲಿ ಮತ್ತೊಂದಿಲ್ಲ. ಸಂಜೆಯೊಳಗೆ ಮೀಸೆ ತೀಡಿದ ಒಬ್ಬ ಡ್ರೈವರನನ್ನೂ ಬಾಗಿಲಿಗೆ ತಂದು ನಿಲ್ಲಿಸಿದ. ನಾನು ಅವನಿಗೆ ಚಹಾ ಕೊಟ್ಟು, ಎದೆ ಪರೀಕ್ಷಿಸಿ, ಕೆಮ್ಮಿಗೆ ಔಷಧ ಕೊಟ್ಟು ಕಳಿಸಿದೆ.

ಓದುಗ ಮಿತ್ರರೇ, ಇದು ಕೇವಲ ಮೊಂಡುತನವೆಂದು ನೀವೂ ಅಂದುಕೊಳ್ಳುತ್ತಿದ್ದರೆ ಸ್ವಲ್ಪ ತಡೆಯಿರಿ. ನನ್ನ ದವಾಖಾನೆಗೆ ಬರುವ ಸೊಸೆಯ ಹಿಂದೆ ಅತ್ತೆ ಬರುತ್ತಾಳೆ, ಅತ್ತೆಯ ಹಿಂದೆ ನಾದಿನಿ, ಬಾಗಿಲ ಹೊರಗೆ ಗಂಡ. ಅಲ್ಲಿ ಎಲ್ಲ ಹೆಂಗಸರಿಗೂ ಇರುವುದು ಒಂದೇ ರೋಗ, ತಲೆನೋವು. ಆದರೆ ದಾರಿಯಲ್ಲಿ ಬಸ್ಸಿಗೆ ಕಾಯುವ ಅದೇ ಸೊಸೆಯನ್ನು ಕಾರಿಗೆ ಹತ್ತಿಸಿಕೊಂಡರೆ, ಲಕ್ಷ್ಮೇಶ್ವರದ ದಾರಿಯ ಮಾಗಡಿ ಕೆರೆ ದಾಟುವಷ್ಟರಲ್ಲಿ ಆ ತಲೆನೋವಿಗೆ ಮೀಸೆಯೂ ಹೆಸರೂ ಇರುವುದು ಗೊತ್ತಾಗುತ್ತಿತ್ತು. ಮುಖ ನೋಡಬೇಕಿಲ್ಲ, ಇಬ್ಬರ ಕಣ್ಣೂ ರಸ್ತೆಯ ಮೇಲೆ; ಹೇಳಲಾಗದ್ದನ್ನೆಲ್ಲ ಅವರು ಕಿಟಕಿಗೆ ಹೇಳಿದಂತೆ ನನಗೆ ಹೇಳಿಬಿಡುತ್ತಿದ್ದರು. ನಾಲ್ಕು ಊರುಗಳಲ್ಲಿ ಅತ್ತೆಯಿಲ್ಲದ ಕೋಣೆ ಅದೊಂದೇ. ಅದರೊಳಗೆ ಒಬ್ಬ ಮೀಸೆಯ ಡ್ರೈವರನನ್ನು ಕೂರಿಸಿದರೆ ಮರುದಿನದಿಂದಲೇ ಎಲ್ಲರಿಗೂ ಮತ್ತೆ ತಲೆನೋವು ಶುರುವಾಗುತ್ತಿತ್ತು. ಅದಕ್ಕೆ ನಾನು ಒಪ್ಪಲು ಸಾಧ್ಯವೇ ಇರಲಿಲ್ಲ.

ಹಾಗಾದರೆ ಕಾಲನ್ನು ಬಿಡಿಸುವ ದಾರಿ ಯಾವುದು? ಯಾವುದೋ ವಿಲಾಯತಿ ಪತ್ರಿಕೆಯ ಹಳೆಯ ಸಂಚಿಕೆಯಲ್ಲಿ 'ಕ್ರೂಸ್ ಕಂಟ್ರೋಲ್' ಎಂಬ ಸಾಧನದ ವರ್ಣನೆ ಓದಿದ್ದೆ. ಗುಂಡಿ ಒತ್ತಿದರೆ ಕಾರು ತನ್ನ ವೇಗವನ್ನು ತಾನೇ ಹಿಡಿದುಕೊಂಡು ಹೋಗುತ್ತದಂತೆ, ಯಜಮಾನ ಕಾಲು ಚಾಚಬಹುದಂತೆ. ನಮ್ಮ ಕಡೆ ಹಾಗೆ ತಾವೇ ಹೋಗುತ್ತಿದ್ದುದು ಸುದ್ದಿಗಳು ಮಾತ್ರ. ಆ ಪುಟವನ್ನು ಮಡಚಿಟ್ಟು ಮರೆತಿದ್ದೆ. ಮುಂದೊಂದು ದಿನ ಕುರ್ತಕೋಟಿಗೆ ಬಾಣಂತಿಯೊಬ್ಬಳನ್ನು ನೋಡಲು ಹೋದಾಗ ದಾರಿಬದಿಯ ಎರೆಹೊಲದಲ್ಲಿ ಒಂದು ಟ್ರ್ಯಾಕ್ಟರ್ ಉಳುತ್ತಿತ್ತು. ಅದರ ಚಾಲಕ ಎದ್ದು ನಿಂತು, ಮೊಣಕೈಯಿಂದ ಸ್ಟಿಯರಿಂಗ್ ತಡೆದು, ಎರಡೂ ಕೈಯಿಂದ ನಿರಾತಂಕವಾಗಿ ರುಮಾಲು ಸುತ್ತಿಕೊಳ್ಳುತ್ತಿದ್ದ! ಕಾಲು ಯಾವುದರ ಮೇಲೂ ಇರಲಿಲ್ಲ. ಸ್ಟಿಯರಿಂಗಿನ ಪಕ್ಕದ ವೇಗದ ಹಿಡಿಕೆಯನ್ನು ಹಲ್ಲುಪಟ್ಟಿಯ ಒಂದು ಹಲ್ಲಿಗೆ ಸಿಕ್ಕಿಸಿ ಬಿಟ್ಟಿದ್ದ, ಅಷ್ಟೆ. ಇಂಜಿನ್ ಒಂದೇ ಲಯದಲ್ಲಿ ಗುಡುಗುಡು ಎನ್ನುತ್ತಿತ್ತು. ವಿಲಾಯತಿಯವರು ಪುಟಗಟ್ಟಲೆ ಕೊಚ್ಚಿಕೊಂಡದ್ದು ನಮ್ಮ ಹೊಲದಲ್ಲಿ ರುಮಾಲು ಸುತ್ತಿಕೊಳ್ಳುತ್ತ ನಿಂತಿತ್ತು.

ಮರುದಿನವೇ ಮಾಬೂಸಾಬ ಮಿಸ್ತ್ರಿಯ ಗ್ಯಾರೇಜಿನ ಮುಂದೆ ಕಾರು ನಿಲ್ಲಿಸಿದೆ. ಬೆಟಗೇರಿಯಲ್ಲಿ ಟ್ರ್ಯಾಕ್ಟರುಗಳ ರಿಪೇರಿಗೆ ಅವನದು ದೊಡ್ಡ ಹೆಸರು, ಅವನ ಬಾಯಿ ಹೆಸರಿಗಿಂತ ದೊಡ್ಡದು. ನನ್ನ ಬೇಡಿಕೆ ಕೇಳಿ ನಗಲಿಲ್ಲ, ಅದೇ ದೊಡ್ಡ ಪುಣ್ಯ. "ಅಕ್ಕಾರ, ನೀವು ವಿಮಾನ ತಂದು ನಿಲ್ಲಸ್ರಿ, ಅದಕ್ಕೂ ಬಿತ್ತೂ ಕೂರಿಗಿ ಕಟ್ಟಿ ಕೊಡ್ತೇನಿ. ಇದ್ಯಾವ ದೊಡ್ಡ ಮಾತ್ರಿ!" ಎಂದ. ಮೂಲೆಯಲ್ಲಿ ಬಿದ್ದಿದ್ದ ಟ್ರ್ಯಾಕ್ಟರಿನ ಹಿಡಿಕೆಯೊಂದನ್ನು ನನ್ನ ಬಲಗೈಗೆ ಸಿಗುವಂತೆ ಡ್ಯಾಶ್‌ಬೋರ್ಡಿನ ಕೆಳಗೆ ಕೂರಿಸಿ, ಮೋಟರ್ ಸೈಕಲ್ಲಿನ ಕೇಬಲ್ಲೊಂದನ್ನು ಅದರಿಂದ ಕಾರ್ಬೊರೇಟರಿಗೆ ಎಳೆದ. ಹಿಡಿಕೆಯನ್ನು ನನ್ನ ಕಡೆಗೆ ಜಗ್ಗಿದಷ್ಟೂ ವೇಗ ಏರುತ್ತದೆ, ಹಲ್ಲಿಗೆ ಸಿಕ್ಕಿಸಿದರೆ ಅಲ್ಲೇ ನಿಲ್ಲುತ್ತದೆ, ಮುಂದಕ್ಕೆ ದೂಡಿದರೆ ಇಳಿಯುತ್ತದೆ. ನನ್ನ ಬಿಳಿ ಅಂಬಾಸಡರಿಗೆ ತುಕ್ಕು ಹಿಡಿದ ಆ ಹಿಡಿಕೆ ಎಳ್ಳಷ್ಟೂ ಒಪ್ಪುತ್ತಿರಲಿಲ್ಲ. ನನಗೆ ಮಾತ್ರ ಬಹಳ ಚೆಂದ ಕಂಡಿತು.

ಲಕ್ಷ್ಮೇಶ್ವರದ ದಾರಿಯಲ್ಲಿ ಮೊದಲ ಸಲ ಹಲ್ಲಿಗೆ ಸಿಕ್ಕಿಸಿ ಕಾಲೆತ್ತಿದಾಗ ನನಗೆ ನೆನಪಾದದ್ದು ಅಪ್ಪನ ಚಕ್ಕಡಿ. ನಮ್ಮ ಊರು ಶಿರಹಟ್ಟಿ. ಅಪ್ಪ ಲಕ್ಷ್ಮೇಶ್ವರದ ಪೇಟೆಗೆ ಜೋಳ ಹಾಕಿ ಸಂಜೆ ಮರಳುವಾಗ, ಸೋಮೇಶ್ವರನ ಗುಡಿಗೆ ಕೈಮುಗಿದು, ಖಾಲಿ ಚೀಲಗಳ ಮೇಲೆ ಒರಗಿ, ಊರು ದಾಟುವ ಮೊದಲೇ ಗೊರಕೆ ಹೊಡೆಯುತ್ತಿದ್ದ. ಎತ್ತುಗಳಿಗೆ ದಾರಿ ಗೊತ್ತಿತ್ತು. ಹಗ್ಗ ಮಾತ್ರ ನನ್ನ ಮತ್ತು ಅಣ್ಣನ ಕೈಯಲ್ಲಿ, ಅದೂ ಸರದಿಯ ಮೇಲೆ. ಏನಾದರೂ ಅಡ್ಡ ಬಂದರೆ ಜಗ್ಗಬೇಕು, ಅಷ್ಟೇ ನಮಗಿದ್ದ ವಿದ್ಯೆ. ಈಗ ಅಣ್ಣನಿಲ್ಲದೆ ನಾನೊಬ್ಬಳೇ ಸರದಿಯಿಲ್ಲದ ಹಗ್ಗ ಹಿಡಿದು ಹೊರಟಿದ್ದೆ. ಮಾಗಡಿಯ ಕೆರೆಯಲ್ಲಿ ಚಳಿಗಾಲದ ಹಕ್ಕಿಗಳು ಇಳಿದಿದ್ದವು. ಪರ್ವತಗಳನ್ನೇ ದಾಟಿ ಬಂದ ಆ ಹೆಣ್ಣುಹಕ್ಕಿಗಳಿಗೆ ಯಾರೂ ಡ್ರೈವರ್ ಇಟ್ಟುಕೊಳ್ಳಿರೆಂದು ಬುದ್ಧಿ ಹೇಳಿರಲಿಲ್ಲ. ಕಾರು ನಿಲ್ಲಿಸಿ ಅವುಗಳಿಗೆ ಒಂದು ನಮಸ್ಕಾರ ಹಾಕಿದೆ.

ಖಬರು ಅಣ್ಣನಿಗೆ ತಲುಪಲು ಎಷ್ಟು ಹೊತ್ತು? ಮುಂದಿನ ಮಳೆಗಾಲದವರೆಗೂ ಗುರುಗುಟ್ಟಿದ, ಕೊನೆಗೆ ಗಾಡಿ ಕೊಳ್ಳುವವನೊಬ್ಬನನ್ನು ಗೊತ್ತು ಮಾಡಿಕೊಂಡೇ ಬಂದ. "ನಾನ ಕುಂತು ನೋಡ್ತೇನಿ. ಮುಂಡರಗಿ ತನಕ ಒಯ್ಯಿ. ಎದಿ ಝಲ್ ಅಂತು ಅಂದ್ರ, ನಾಳೆನ ಗಾಡಿ ಕೊಟ್ಟು ಬಿಡಾಂವ" ಎಂದು ಧೋತರ ಎತ್ತಿಕೊಂಡು ಪಕ್ಕದಲ್ಲಿ ಕೂತ. ನಾನು ಆಗಲಿ ಎಂದೆ.

ಅರ್ಧ ದಾರಿಯವರೆಗೆ ಅವನ ಎದೆ ಝಲ್ಲೆನ್ನಲಿಲ್ಲ. ಕಪ್ಪತಗುಡ್ಡ ದೂರದಲ್ಲಿ ನೀಲಿಯಾಗಿ ಕಾಣುತ್ತಿತ್ತು, ಹಿಂದಿನ ದಿನದ ಮಳೆಗೆ ಎರೆಹೊಲಗಳು ತೊಯ್ದಿದ್ದವು, ಹಿಡಿಕೆ ಹಲ್ಲಿನಲ್ಲಿತ್ತು, ನನ್ನ ಕಾಲು ಹಾಯಾಗಿತ್ತು. ಅಷ್ಟರಲ್ಲಿ ಜಾಲಿಯ ಮರೆಯಿಂದ ಒಂದು ಕುರಿಹಿಂಡು ಇದ್ದಕ್ಕಿದ್ದಂತೆ ರಸ್ತೆಗೆ ಇಳಿಯಿತು. ಆ ಕ್ಷಣದಲ್ಲಿ ನನ್ನೊಳಗಿನ ವೈದ್ಯೆ, ಲೈಸೆನ್ಸು, ಪುಟಗಟ್ಟಲೆ ಓದು ಎಲ್ಲ ಎಲ್ಲಿ ಹೋದವೋ. ಕಾಲು ಬ್ರೇಕಿಗೆ ಹೋಗುವ ಮೊದಲೇ ಕೈ ತನ್ನ ಬಾಲ್ಯದ ವಿದ್ಯೆಯನ್ನು ನೆನೆಯಿತು. "ಹೋ... ಹೋ..." ಎನ್ನುತ್ತ ಹಿಡಿಕೆಯನ್ನು ಎದೆಗೆ ಬರುವಂತೆ ಜಗ್ಗಿದೆ. ಜಗ್ಗಿದರೆ ಎತ್ತು ನಿಲ್ಲುತ್ತದೆ. ಅಂಬಾಸಡರ್ ನಿಲ್ಲಲಿಲ್ಲ, ಹುರುಪಿನಿಂದ ಜಿಗಿಯಿತು. ಪಕ್ಕದಲ್ಲಿ ಅಣ್ಣ ಸೀಟು ಬಿಟ್ಟೆದ್ದು, "ಜಗ್ಗ ಸರೂ! ಇನ್ನೂ ಜಗ್ಗ!" ಎಂದು ಕೂಗಿದ. ನಾನು ವಿಧೇಯ ತಂಗಿಯಾಗಿ ಇನ್ನೂ ಜಗ್ಗಿದೆ. ಕಡೆಗೆ ಕುರಿಗಳನ್ನು ಉಳಿಸಲು ಸ್ಟಿಯರಿಂಗ್ ಹೊರಳಿಸಿದೆ. ಕಾರು ಬದು ಹಾರಿ ಎರೆಹೊಲಕ್ಕೆ ಇಳಿದು, ಕೆಸರಿನಲ್ಲಿ ಗಾಲಿ ಹುಗಿದು, ಒಮ್ಮೆ ಸೀನಿದಂತೆ ಮಾಡಿ ಬಂದ್ ಆಯಿತು. ಯಾರಿಗೂ ಏನೂ ಆಗಲಿಲ್ಲ. ಕುರಿಗಾರ ಹತ್ತಿರ ಬಂದು ಇಣುಕಿ ನೋಡಿ, "ಏನವ್ವಾ, ಮಂದಿ ಕುರಿ ಕಂಡ್ರ ನಿಲ್ತಾರ, ನೀ ಹೊಲಾನ ಹೊಕ್ಕೀಯಲ್ಲ!" ಎಂದ.

ಅಣ್ಣ ಮೊದಲು ದೇವರ ಹೆಸರು ಹೇಳಿದ, ಆಮೇಲೆ ಗಾಡಿ ಕೊಳ್ಳುವವನ ಹೆಸರು ಹೇಳಿದ. ಸುಳ್ಳೇಕೆ? ನನಗೂ ಇನ್ನು ಎಲ್ಲ ಮುಗಿಯಿತು ಎಂದೇ ಅನ್ನಿಸಿತ್ತು. ಆದರೆ ಕಾರನ್ನು ಮೇಲೆ ತರಲು ಪಕ್ಕದ ಹೊಲದವನು ಒಂದು ಜೋಡಿ ಎತ್ತು ತಂದು ಹಗ್ಗ ಕಟ್ಟಿದ. ಎತ್ತುಗಳು ಬುಸುಗುಟ್ಟಿ ಎಳೆದವು, ಕಾರು ರಸ್ತೆಗೆ ಹತ್ತಿತು. ಹತ್ತಿದ್ದೇ ತಡ, ಆತ ಕೈಯಲ್ಲಿದ್ದ ಹಗ್ಗವನ್ನು ತುಸುವೇ ಜಗ್ಗಿದ. ಎರಡೂ ಅಲ್ಲೇ ನಿಂತವು.

ನಾನು ಅಣ್ಣನ ಕಡೆ ತಿರುಗಿದೆ. "ಜಗ್ಗು ಅಂತ ಒದರಿದಾಂವ ಯಾರು?"

"ನಾನ... ಅಲ್ಲ, ಮತ್ತ, ನಿಲ್ಲಸಾಕ ಜಗ್ಗಬೇಕಲ್ಲ" ಎಂದ ಅಣ್ಣ, ಎತ್ತುಗಳನ್ನೇ ನೋಡುತ್ತ.

"ಹಂಗಾರ ತಪ್ಪು ನನ್ನ ಮೊಣಕಾಲಿಂದಲ್ಲ, ಹಿಡಿಕೀದು. ನೀ ಕೊಳ್ಳಾಂವಗ ಹೇಳು, ಗಾಡಿ ಮಾರಾಕಿಲ್ಲ ಅಂತ. ನಿನ್ನ ಹೆಸರು ಗಾಡಿ ಮ್ಯಾಲ ಇರಲಿ, ಕೀಲಿ ನನ್ನ ಸೆರಗಿನ್ಯಾಗ ಇರ್ತೈತಿ." ಹೀಗೆಂದು ಕೀಲಿಯನ್ನು ಸೆರಗಿನ ತುದಿಗೆ ಗಂಟು ಹಾಕಿ ಸಿಕ್ಕಿಸಿದೆ. ಅಣ್ಣನಿಗೆ ನಾನು ಹಾಗೆ ಮಾತಾಡಿದ್ದು ಅದೇ ಮೊದಲು. ಇನ್ನೂ ಮೊದಲೇ ಆಡಬೇಕಿತ್ತು.

ಮಾಬೂಸಾಬನಿಗೆ ನಡೆದದ್ದನ್ನು ಹೇಳಿದೆ. ಅವನು ಟ್ರ್ಯಾಕ್ಟರನ್ನು ನೆನೆದು ಕೂರಿಸಿದ್ದ, ನಾನು ಎತ್ತನ್ನು ನೆನೆದು ಹಿಡಿದಿದ್ದೆ. ಇಬ್ಬರಿಗೂ ಕಾರು ನೆನಪಾಗಿರಲಿಲ್ಲ. ಕೇಬಲ್ಲನ್ನು ತಿರುವಿ ಹಾಕಿ, ಒಂದು ಗಟ್ಟಿ ಸ್ಪ್ರಿಂಗು ಸೇರಿಸಿದ. ಈಗ ಮುಂದಕ್ಕೆ ದೂಡಿದರೆ ವೇಗ, ಹಲ್ಲಿಗೆ ಸಿಕ್ಕಿಸಿದರೆ ಸ್ಥಿರ. ಹೇಗೇ ಇರಲಿ, ಎಷ್ಟೇ ಗಾಬರಿಯಾಗಲಿ, ಒಮ್ಮೆ ಜಗ್ಗಿದರೆ ಹಲ್ಲು ಬಿಟ್ಟು ಇಂಜಿನ್ ಇಳಿಯುತ್ತದೆ, ಆ ಹೊತ್ತಿಗೆ ಕಾಲಿಗೂ ಬ್ರೇಕಿನ ನೆನಪಾಗುತ್ತದೆ. ಮನುಷ್ಯರನ್ನು ತಿದ್ದಿ ಯಂತ್ರಕ್ಕೆ ಹೊಂದಿಸುವ ಗುತ್ತಿಗೆ ಹಿಡಿದವರು ಊರ ತುಂಬ ಇದ್ದಾರೆ. ನನ್ನ ಕೈಗೆ ಗೊತ್ತಿರುವ ವಿದ್ಯೆಗೆ ಯಂತ್ರವೇ ತಲೆಬಾಗಲಿ ಎಂದು ನಾನು ಹಟ ಹಿಡಿದೆ, ಅದು ಬಾಗಿತು.

ಅಣ್ಣ ಬಹಳ ದಿನ ಆ ಕಾರು ಹತ್ತಲಿಲ್ಲ. ಒಂದು ದಿನ ಸೋಮೇಶ್ವರನಿಗೆ ಹರಕೆಯಿದೆ, ಬಸ್ಸು ತಪ್ಪಿದೆ ಎಂದು ಗೊಣಗುತ್ತ ಬಂದು ಕೂತ. ಹೋಗುವಾಗ ಎರಡೂ ಕೈಯಿಂದ ಸೀಟು ಹಿಡಿದು ಕೂತವನು, ಬರುವಾಗ ಲಕ್ಷ್ಮೇಶ್ವರ ದಾಟಿದ ಮೇಲೆ ಯಾಕೋ ಮಾತು ನಿಲ್ಲಿಸಿದ. ಸಿಟ್ಟಾದನೇನೋ ಎಂದು ಓರೆಗಣ್ಣಿನಿಂದ ನೋಡಿದೆ. ಬಾಯಿ ತೆರೆದು, ಟೊಪ್ಪಿಗೆ ಜಾರಿಸಿಕೊಂಡು, ಥೇಟ್ ಅಪ್ಪನಂತೆ ಗೊರಕೆ ಹೊಡೆಯುತ್ತಿದ್ದ. ಗಾಡಿ ಮಾರುವ ಮಾತು ಆಮೇಲೆ ನಮ್ಮ ಮನೆಯಲ್ಲಿ ಬರಲಿಲ್ಲ.

ಇದೆಲ್ಲ ಆಗಿ ಈಗ ಕೆಲವು ವರ್ಷಗಳಾದವು; ದಶಕವೂ ಬದಲಾಯಿತು, ಅಂಬಾಸಡರಿನ ಬಿಳಿ ಬಣ್ಣ ಎರೆಮಣ್ಣಿನ ಜೊತೆ ರಾಜಿ ಮಾಡಿಕೊಂಡಿದೆ. ಮೊನ್ನೆ ಎಡಗಾಲಿನ ಚಪ್ಪಲಿಯ, ಹೆಬ್ಬೆರಳು ಸಿಕ್ಕಿಸುವ ಉಂಗುಷ್ಠ ಕಿತ್ತು, ಬಹಳ ದಿನಗಳ ಮೇಲೆ ಫಕ್ಕೀರಪ್ಪನ ಮುಂದೆ ನಿಂತೆ. ಆತ ವಾಡಿಕೆಯಂತೆ ಬಲಗಾಲಿನದನ್ನು ಎತ್ತಿಕೊಂಡು ಹಿಮ್ಮಡಿಗೆ ಹೆಬ್ಬೆರಳು ಹಚ್ಚಿದ. ಅಂಚು ಗಟ್ಟಿಯಾಗಿತ್ತು. ಎರಡನ್ನೂ ಪಕ್ಕಪಕ್ಕ ಹಿಡಿದು ನೋಡಿದ; ಸವೆದದ್ದು ಎಡಗಾಲಿನದು. ಅವನ ಮುಖ ಸಣ್ಣದಾಯಿತು.

"ಗಾಡಿ ಹೊಡಿಯೂದು ಬಿಟ್ರೇನ್ರಿ ಅಕ್ಕಾರ? ಕಡೀಕ ಡ್ರೈವರ್ ಬಂದಾನೇನ್ರಿ?"

ನಾನು ಬಲಗೈಯನ್ನು ಅವನ ಮುಂದೆ ಚಾಚಿದೆ. ಬೆರಳುಗಳ ಬುಡದಲ್ಲಿ ಹಿಡಿಕೆ ಹಿಡಿದು ಹಿಡಿದು ಚರ್ಮ ದಡ್ಡುಗಟ್ಟಿದೆ. ಫಕ್ಕೀರಪ್ಪ ಅದಕ್ಕೂ ಹೆಬ್ಬೆರಳು ಹಚ್ಚಿ ನೋಡಿ, ಹಲ್ಲು ಬಿಟ್ಟು ನಕ್ಕ. "ಹಂಗಾರ ಕೈಗೊಂದು ಚಪ್ಪಲಿ ಹೊಲದು ಕೊಡ್ಲೇನ್ರಿ?"

"ಬ್ಯಾಡ. ಸವೀಲಿ ಬಿಡು."

ಚಪ್ಪಲಿ ಮೆಟ್ಟಿಕೊಂಡು ಕಾರಿಗೆ ಮರಳಿದೆ. ಮುಂದಿನ ಸೀಟಿನಲ್ಲಿ ಶಿರಹಟ್ಟಿಯ ಹೆಂಗಸೊಬ್ಬಳು ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದಳು; ಅವಳ ತಲೆನೋವಿನ ಮಾತು ಇನ್ನೂ ಅರ್ಧಕ್ಕೇ ನಿಂತಿತ್ತು. ಊರು ದಾಟಿ ಹಿಡಿಕೆಯನ್ನು ಹಲ್ಲಿಗೆ ಸಿಕ್ಕಿಸಿ, "ಹೂಂ, ಮುಂದ ಹೇಳವಾ" ಎಂದೆ.