ಶಾಲಿನಿ ಅಂಡ್ ಕಂಪನಿ

ಹಾರೂಗೇರಿಯ ಗೌರಾಬಾಯಿ ಅಥಣಿ ಕಡೆಯ ಒಂದು ದ್ರಾಕ್ಷಿ ತೋಟದ ಮನೆಗೆ ಸೊಸೆಯಾಗಿ ಬಂದಾಗ, ಮುಂದೊಂದು ದಿನ ಆ ತೋಟವನ್ನು ತಾನೇ ನಡೆಸಬೇಕಾಗುತ್ತದೆ ಎಂದು ಕನಸಿನಲ್ಲೂ ಎಣಿಸಿರಲಿಲ್ಲ. ಗಂಡ ವಿರುಪಾಕ್ಷಪ್ಪನಿಗೆ ತೊಂಬತ್ತೊಂದನೆಯ ಇಸವಿಯಲ್ಲಿ ಲಕ್ವಾ ಹೊಡೆಯಿತು. ಬಲಗೈ ಹೋಯಿತು, ಮಾತು ತೊದಲಿತು. ಬಳ್ಳಿ ಸವರುವ ಚಾಟಣಿ ಯಾವಾಗ, ಔಷಧ ಯಾವಾಗ ಎಂಬುದೆಲ್ಲ ಅವನ ತಲೆಯಲ್ಲೇ ಇತ್ತು, ಬಾಯಿಗೆ ಬರುತ್ತಿರಲಿಲ್ಲ. ಅವನು ಎಡಗೈ ಎತ್ತಿ ತೋರಿಸುವುದನ್ನು ನೋಡಿ ನೋಡಿಯೇ ಗೌರಾಬಾಯಿ ಬಳ್ಳಿಯ ಕೆಲಸ ಕಲಿತಳು. ಬ್ಯಾಂಕಿನ ಖಾತೆಯೂ ಅವಳ ಹೆಸರಿಗೆ ಬಂತು. ದಿನಾ ಅಡುಗೆ ಮುಗಿದ ಮೇಲೆ ಕೂತು ಸಹಿ ಮಾಡುವುದನ್ನು ರೂಢಿಸಿಕೊಂಡಳು.

ಹೊರಗಿನ ಓಡಾಟಕ್ಕೆ ಬಾಳಾಸಾಬ ಇದ್ದ. ವಿರುಪಾಕ್ಷಪ್ಪನ ಚಿಕ್ಕಪ್ಪನ ಮಗ. ತನ್ನ ಎರಡೆಕರೆ ಕಬ್ಬು ನೋಡಿಕೊಂಡು, ಅತ್ತಿಗೆ ಕರೆದಾಗಲೆಲ್ಲ ಬರುತ್ತಿದ್ದ. ಕಾಯಿ ದಪ್ಪವಾಗಲೆಂದು ಗೊನೆ ಅದ್ದುವ ಪುಡಿ ಬೇಕೆಂದರೆ ಸಾಂಗಲಿಗೆ, ಇಂಜಿನ್ ಕೆಟ್ಟರೆ ಮಿರಜಿಗೆ ಹೋಗಿ ಬರುವವನು ಅವನೇ. ಗೌರಾಬಾಯಿ ಚೆಕ್ಕಿಗೆ ಸಹಿ ಹಾಕಿ, ಹೆಸರಿನ ಜಾಗ ಖಾಲಿ ಬಿಟ್ಟು ಅವನ ಕೈಗೆ ಕೊಡುತ್ತಿದ್ದಳು. ಹೆಸರನ್ನು ಅಂಗಡಿಯವರೇ ತುಂಬಿಕೊಳ್ಳುತ್ತಿದ್ದರು.

ತೊಂಬತ್ಮೂರರ ಬೇಸಿಗೆಯಲ್ಲಿ ಹಣ್ಣು ಕೊಯ್ದು ಮುಗಿಯಿತು. ಗೌರಾಬಾಯಿ ಪಾಸ್‌ಬುಕ್ ಹಿಡಿದು ಅಥಣಿಯ ಬ್ಯಾಂಕಿಗೆ ಹೋದಳು. ಗುಮಾಸ್ತ ಕಾಮಣ್ಣ ಇಡೀ ಹಂಗಾಮಿನ ಲೆಕ್ಕವನ್ನು ಒಮ್ಮೆಗೇ ಬರೆದುಕೊಟ್ಟ. ಮನೆಗೆ ಬಂದು ಅದನ್ನು ಗಂಡನಿಗೆ ಓದಿ ಹೇಳುವಾಗ ಒಂದು ಸಾಲಿಗೆ ನಾಲಿಗೆ ತಡೆಯಿತು. ‘ಶಾಲಿನಿ ಅಂಡ್ ಕಂಪನಿ.’ ಮೊತ್ತವೇನೂ ಸಣ್ಣದಲ್ಲ.

ಒಳಗೆ ಜೋಳ ಹಸನು ಮಾಡುತ್ತಿದ್ದ ಅತ್ತೆ ಭೀಮಾಬಾಯಿ ಮೊರ ಕೆಳಗಿಟ್ಟಳು.

“ಯಾವಾಕಿ ಬೇ ಇಕಿ ಶಾಲಿನಿ?”

“ನನಗೂ ಗೊತ್ತಿಲ್ರಿ ಅತ್ತಿ. ಬಾಳಾಸಾಬನ್ನ ಕೇಳೂಣ.”

ಬಾಳಾಸಾಬ ಬಂದ. ಹೆಸರು ಕೇಳಿ ಅವನ ಮುಖವೇ ಬಾಡಿತು. “ವೈನಿ, ಆ ಚೆಕ್ ನಾ ಪುಡಿ ತರಾಕ ಒಯ್ದಿದ್ದು. ಸಾಂಗಲಿ ಕಿಸಾನ್ ಭಾಂಡಾರದಾಗ ಕೊಟ್ಟೀನಿ. ಶಾಲಿನಿ ಅನ್ನೂ ಹೆಸರ ನಾ ಕೇಳೇ ಇಲ್ರಿ.”

“ಪಾಸ್‌ಬುಕ್ಕಿನ್ಯಾಗ ಕಿಸಾನ್ ಭಾಂಡಾರ ಎಲ್ಲೈತಿ ತೋರಸು,” ಎಂದಳು ಭೀಮಾಬಾಯಿ.

ಎಲ್ಲಿಯೂ ಇರಲಿಲ್ಲ. ರಸೀದಿ ಪುಡಿ ತಂದ ದಿನದ ಮಳೆಯಲ್ಲಿ ತೊಯ್ದು ಅವನ ಜೇಬಿನಲ್ಲೇ ಮುದ್ದೆಯಾಗಿ ಹೋಗಿತ್ತು. ಬಾಳಾಸಾಬ ಚಪ್ಪಲಿ ಮೆಟ್ಟಿಕೊಂಡು ಹೊರಟುಬಿಟ್ಟ.

“ಪುಡಿ ಉದ್ರಿ ತಂದಾನ. ನಾಳೆ ಅಂಗಡ್ಯಾಂವ ಬಾಗಲಿಗೆ ಬಂದು ನಿಂದರತಾನ ನೋಡು. ಚೆಕ್ ಯಾರದೋ ಕೈಗೆ ಹೋಗೇತಿ,” ಎಂದಳು ಅತ್ತೆ.

“ಅತ್ತಿ, ಅಂವ ಎಂಥಾಂವ ಅನ್ನೂದು ನನಗ ಗೊತ್ತೈತ್ರಿ. ಇವರನ್ನ ಮಿರಜ ದವಾಖಾನಿಗೆ ಎತ್ಕೊಂಡು ಹೋದಾಂವ ಅಂವನ. ಗೊತ್ತಾಗದ ಹೆಸರಿಗೆ ಅಂವನ್ನ ಕಳ್ಳ ಮಾಡಬಾರದು.”

ಹೇಳಿದಳೇನೋ ಹೌದು, ಆದರೆ ಅತ್ತೆಯ ಮಾತು ಎದೆಯಲ್ಲಿ ಮುಳ್ಳಿನಂತೆ ಕೂತಿತು. ಅಂಗಡಿಯವನು ನಿಜವಾಗಿಯೂ ಬಾಗಿಲಿಗೆ ಬಂದರೆ? ಮರುದಿನ ಮತ್ತೆ ಬ್ಯಾಂಕಿಗೆ ಹೋದಳು. ಕೌಂಟರಿನಲ್ಲಿ ಜನ ಕಿಕ್ಕಿರಿದಿದ್ದರೂ ಕಾಮಣ್ಣ ಬೇಸರಿಸಲಿಲ್ಲ. ಒಳಗಿನ ಕಟ್ಟುಗಳಲ್ಲಿ ಹುಡುಕಿ ಆ ಚೆಕ್ಕನ್ನೇ ತಂದು ಮುಂದಿಟ್ಟ. ಖಾಲಿ ಬಿಟ್ಟಿದ್ದ ಜಾಗದಲ್ಲಿ ಶಾಲಿನಿ ಅಂಡ್ ಕಂಪನಿ ಎಂಬ ರಬ್ಬರ್ ಮುದ್ರೆ ಬಿದ್ದಿತ್ತು. ಕೆಳಗಿದ್ದದ್ದು ಅವಳದೇ ಸಹಿ.

“ಬಾಯಾರ, ಗಾಬರಿ ಆಗಬ್ಯಾಡ್ರಿ. ಅಂಗಡಿ ಮುಂದ ತೂಗಹಾಕಿದ ಪಾಟಿ ಮ್ಯಾಲಿನ ಹೆಸರ ಒಂದಿರತೈತಿ, ಬ್ಯಾಂಕ್ ಖಾತೇದ್ದು ಒಂದಿರತೈತಿ. ಹಿಂದ ನೋಡ್ರಿ, ಸಾಂಗಲಿ ಗಣಪತಿ ಪೇಠದ ಬ್ಯಾಂಕಿನ ಶಿಕ್ಕಾ ಐತಿ. ಪುಡಿ ತಂದ ಅಂಗಡಿ ಆ ಪೇಠದಾಗ ಐತೇನು, ಅದನ್ನ ಮೊದಲ ನೋಡ್ರಿ.”

ಗೌರಾಬಾಯಿ ಅಲ್ಲಿಂದ ನೇರವಾಗಿ ಬಾಳಾಸಾಬನ ಕಬ್ಬಿನ ಹೊಲಕ್ಕೆ ಹೋದಳು. ಅವನು ನೀರು ಹಾಯಿಸುತ್ತಿದ್ದ, ತಲೆ ಎತ್ತಲಿಲ್ಲ.

“ನಾಳೆ ಸಾಂಗಲಿಗೆ ಹೋಗೂದೈತಿ, ನೀನೂ ಬಾ.”

“ನಾ ಯಾಕ್ರಿ ವೈನಿ? ನನ್ನ ಮ್ಯಾಲ ವಿಶ್ವಾಸ ಇಲ್ಲಂದ್ರ ನೀವ ಕೇಳಿ ಬರ್ರಿ.”

“ವಿಶ್ವಾಸ ಇಲ್ದಿದ್ರ ನಿನ್ನ ಬಿಟ್ಟು ಹೋಗತಿದ್ದೆ. ಇದ್ದದ್ದಕ್ಕ ಕರಿಯಾಕ ಬಂದೀನಿ.”

ಕಾಗವಾಡದ ಮೇಲೆ ಹಾದು ಮಿರಜ್, ಅಲ್ಲಿಂದ ಸಾಂಗಲಿ. ದಾರಿಯುದ್ದಕ್ಕೂ ಬಾಳಾಸಾಬ ಕಿಟಕಿಯ ಹೊರಗೇ ನೋಡುತ್ತಿದ್ದ. ಕಿಸಾನ್ ಭಾಂಡಾರ ಗಣಪತಿ ಪೇಠದಲ್ಲೇ ಇತ್ತು. ಗಲ್ಲಾಪೆಟ್ಟಿಗೆಯ ಮುಂದೆ ಕೂತಿದ್ದ ಮಾಲೀಕ ಬಾಪುಸಾಹೇಬರು ಕಥೆಯನ್ನೆಲ್ಲ ಕೇಳಿ, ಹೊಟ್ಟೆ ಹಿಡಿದುಕೊಂಡು ನಕ್ಕರು. ನಂತರ ಒಳಗೆ ತಿರುಗಿ ಮರಾಠಿಯಲ್ಲಿ ಏನೋ ಕೂಗಿದರು. ಕೈಗೆಲ್ಲ ಬಿಳಿ ಪುಡಿ ಮೆತ್ತಿಕೊಂಡ, ಒಂಬತ್ತು ಗಜದ ಸೀರೆಯ ಹೆಂಗಸೊಬ್ಬಳು ಹೊರಗೆ ಬಂದಳು.

“ಇಕೀನ ನೋಡ್ರಿ ಶಾಲಿನಿ, ನನ್ನ ಹೆಂಡತಿ,” ಎಂದರು ಬಾಪುಸಾಹೇಬರು, ಗಿರಾಕಿಗಳಿಂದ ಕಲಿತ ಕನ್ನಡದಲ್ಲಿ. “ನಾ ಅಂಗಡಿ ಇಡೂವಾಗ ಇಕೀ ಕೊರಳಾನ ಬಂಗಾರದ ಬೋರಮಾಳ ಮಾರಿದ್ದೆ. ಅದಕ್ಕ ಖಾತೆ ಇಕೀ ಹೆಸರಿಗೆ. ರೈತರಿಗೆ ನೆನಪಿರಲಿ ಅಂತ ಪಾಟಿ ಮ್ಯಾಲ ಕಿಸಾನ್ ಅಂತ ಬರಸೇನಿ.”

ಶಾಲಿನಿಬಾಯಿಯ ತವರು ಕಾಗವಾಡ, ಕನ್ನಡ ಮನೆಮಾತಿನಂತೆಯೇ ಬರುತ್ತಿತ್ತು. “ಅಯ್ಯ ನನ್ನವ್ವ, ನನ್ನ ಹೆಸರಿಂದ ನಿಮ್ಮ ಮನ್ಯಾಗ ತಂಟೆ ಆತೇನ್ರಿ!” ಎನ್ನುತ್ತಾ ಇಬ್ಬರನ್ನೂ ಒಳಗೆ ಕೂರಿಸಿ ಚಹಾ ಮಾಡಿದಳು. ಬಾಳಾಸಾಬನ ಗುರುತು ಅವಳಿಗೆ ಚೆನ್ನಾಗಿಯೇ ಸಿಕ್ಕಿತು. “ಇವರನ್ನ ಮರ್ಯಾಕ ಆಗತೈತೇನ್ರಿ? ಅವತ್ತ ಪುಡಿ ತೀರಿತ್ತು. ಪುಣೆಯಿಂದ ಮಾಲು ಬರೂದು ಸಂಜಿ ಆತು. ನಾಳೆ ಬರ್ರಿ ಅಂದ್ರೂ ಕೇಳಲಿಲ್ಲ. ವೈನಿ ಒಬ್ಬಾಕೀನ ಅದಾಳ, ಗೊನಿ ಅದ್ದೂ ವ್ಯಾಳ್ಯಾ ಮೀರತೈತಿ ಅಂತ ಬಾಗಲ ಮುಂದಿನ ಪಾವಟಿಗಿ ಮ್ಯಾಲನ ಕುಂತ್ರು. ಊಟಕ್ಕ ಕರದ್ರೂ ಏಳಲಿಲ್ಲ.”

ಗೌರಾಬಾಯಿಗೆ ಅದೊಂದೂ ಗೊತ್ತಿರಲಿಲ್ಲ. ಅಂದು ಅವನು ಮಳೆಯಲ್ಲಿ ತೊಯ್ದು ಬಂದು, ಪುಡಿಯ ಪೊಟ್ಟಣವನ್ನು ಅವಳ ಕೈಗಿಟ್ಟು, ‘ನಾ ಬರತೀನ್ರಿ’ ಎಂದಷ್ಟೇ ಹೇಳಿ ಹೋಗಿದ್ದ. ಚಹಾದ ಬಸಿ ಕೈಯಲ್ಲಿ ಹಾಗೆಯೇ ಉಳಿಯಿತು. ಕಣ್ಣು ತುಂಬಿತು.

ಹೊರಡುವ ಮುಂಚೆ ಶಾಲಿನಿಬಾಯಿ ಅವಳ ಹಣೆಗೆ ಕುಂಕುಮ ಹಚ್ಚಿ, ಉಡಿ ತುಂಬಿ ಕಳಿಸಿದಳು.

ತಿರುಗಿ ಬರುವ ಬಸ್ಸಿನಲ್ಲಿ ಬಾಳಾಸಾಬನೇ ಬಾಯಿ ಬಿಟ್ಟ. “ವೈನಿ, ನೀವು ಮಾತ್ರ ನನ್ನ ಕಳ್ಳ ಅನ್ನಲಿಲ್ಲ. ಇದನ್ನ ನಾ ಮರಿಯೂದಿಲ್ರಿ.”

“ನಾ ಮರೀಬಾರದಂಥಾವು ನಿನ್ನವೂ ಭಾಳ ಅದಾವಪಾ,” ಎಂದಳು ಗೌರಾಬಾಯಿ.

ಮನೆಯಲ್ಲಿ ಗೌರಾಬಾಯಿ ನಡೆದದ್ದನ್ನೆಲ್ಲ ಹೇಳಿದಳು. ಭೀಮಾಬಾಯಿ ಎದ್ದು ಒಲೆಯ ಮುಂದೆ ಮಣೆ ಹಾಕಿ, “ಬಾಳಾ, ಬಾ ಕೂಡು,” ಎಂದು ಬಿಸಿ ರೊಟ್ಟಿಗೆ ಬೆಣ್ಣೆ ಹಚ್ಚಿ ಹಚ್ಚಿ ತಾನೇ ಬಡಿಸಿದಳು. ವಿರುಪಾಕ್ಷಪ್ಪ ಹಾಸಿಗೆಯಿಂದಲೇ ಎಡಗೈ ಚಾಚಿದ. ಬಾಳಾಸಾಬ ಎದ್ದು ಹೋಗಿ ಆ ಕೈ ಹಿಡಿದುಕೊಂಡ. ತೊದಲುತ್ತ ತೊದಲುತ್ತ ವಿರುಪಾಕ್ಷಪ್ಪ ಹೇಳಿದ ಒಂದೇ ಮಾತು ಎಲ್ಲರಿಗೂ ಅರ್ಥವಾಯಿತು: “ತಮ್ಮಾ.”

ಮುಂದಿನ ಹಂಗಾಮಿನ ಮೊದಲ ಹಣ್ಣು ಮಾರುಕಟ್ಟೆಗೆ ಹೋಗುವ ಮುಂಚೆ ಗೌರಾಬಾಯಿ ಎರಡು ಬುಟ್ಟಿ ತೆಗೆದಿರಿಸಿದಳು. ಒಂದು ಕಾಮಣ್ಣನಿಗೆ, ಇನ್ನೊಂದು ಸಾಂಗಲಿಯ ಶಾಲಿನಿಬಾಯಿಗೆ. ಆ ಪದ್ಧತಿ ವರ್ಷಾ ವರ್ಷ ನಡೆಯುತ್ತಾ ಬಂತು.